ಚಪ್ಪಾಳೆಗೊಬ್ಬಳು ತಾಯಿ

"ಅಲ್ವೇ ಮುಂಡೇದೆ, ಮಗ ಯುದ್ಧದಲ್ಲಿ ಸತ್ತಿದಾನೆ ಅಂತ ಒಂದ್ಮಾತು ಹೇಳ್ಬಾರ್ದಾ? ಇಡೀ ಊರಲ್ಲಿ ತಾಯಿ ಹುಡುಕಿ ಹುಡುಕಿ ಸಾಕಾಯ್ತು ನಮಗೆ."

ಮೇಸ್ತ್ರಿ ಹೀಗೆ ಬೈಯುವಾಗ ಕಸದಮ್ಮ ಸಂಸತ್ತಿನ ಸಭಾಂಗಣದಲ್ಲಿ ಮಂಡಿಯೂರಿ, ಸದಸ್ಯರು ಮೇಜಿನಡಿ ಅಂಟಿಸಿ ಹೋಗಿದ್ದ ಚೂಯಿಂಗ್ ಗಮ್ಮನ್ನು ಮೊಂಡು ಚಾಕುವಿನಿಂದ ಕೆರೆಯುತ್ತಿದ್ದಳು. ಮಗ ಸತ್ತದ್ದನ್ನು ಅವಳು ಹೇಳಿದ್ದಳು. ಅಂದು ರಜೆ ಕೇಳಿದ್ದಕ್ಕೆ ಇದೇ ಮೇಸ್ತ್ರಿ, ಸಾಯೋರು ಸಾಯ್ತಾನೇ ಇರ್ತಾರೆ, ಕಸ ಯಾರು ಹೊಡೀತಾರೆ ಎಂದು ಓಡಿಸಿದ್ದ. ಪಾಪ, ನೂರೆಂಟು ಜವಾಬ್ದಾರಿಯವನು, ಮರೆತಿರಬೇಕು.

ಆ ಸಂಜೆ ರಾಷ್ಟ್ರಾಧ್ಯಕ್ಷರ ವಾರ್ಷಿಕ ಭಾಷಣ. ನಡುವೆ ಅವರು ಹುತಾತ್ಮನ ತಾಯಿಯೊಬ್ಬಳತ್ತ ಕೈ ತೋರಿಸಬೇಕು, ಆಕೆ ಗ್ಯಾಲರಿಯಲ್ಲಿ ಎದ್ದು ನಿಲ್ಲಬೇಕು, ಸಭೆ ಚಪ್ಪಾಳೆ ತಟ್ಟಬೇಕು. ಮೊದಲು ಗೊತ್ತುಮಾಡಿದ್ದ ತಾಯಿ ತಾಲೀಮಿನಲ್ಲೇ ಎದೆ ಬಡಿದುಕೊಂಡು ಅತ್ತಿದ್ದರಿಂದ ಅವಳನ್ನು ಕೈಬಿಟ್ಟಿದ್ದರು. ದುಃಖಕ್ಕೂ ಒಂದು ಶಿಸ್ತು ಬೇಡವೇ?

ಕಸದಮ್ಮನಿಗೆ ಸೋಪು ಕೊಟ್ಟು ಕೈ ತೊಳೆಸಿ, ಯಾರದ್ದೋ ಬಿಳಿ ಬಟ್ಟೆ ತೊಡಿಸಿದರು. ಕಣ್ಣು ಒದ್ದೆಯಾಗಿರಲಿ, ನೀರು ಮಾತ್ರ ಹರಿಯಬಾರದು ಎಂದು ಅಧ್ಯಕ್ಷರ ಕಾರ್ಯದರ್ಶಿ ಸಾಹೇಬರು ತಿಳಿಹೇಳಿದರು. ಇಷ್ಟು ವರ್ಷ 'ಏಯ್' ಎನ್ನುತ್ತಿದ್ದವರು 'ತಾಯೀ' ಎಂದರು. ಅವಳಿಗೆ ಧೈರ್ಯ ಬಂತು.

"ಸಾಹೇಬ್ರೇ, ಇನ್ನು ಉಳಿದಿರೋನು ಒಬ್ನೇ. ಸೋಮವಾರ ಅವನ್ನೂ ಯುದ್ಧಕ್ಕೆ ಕರ್ಕೊಂಡು ಹೋಗ್ತಾರಂತೆ. ಅವನೊಬ್ಬನ್ನ ಬಿಡಿಸ್ಕೊಡಿ."

ಅದಕ್ಕೇನಂತೆ, ಅಧ್ಯಕ್ಷರ ಕಿವಿಗೇ ಹಾಕುತ್ತೇನೆ ಎಂದು ಸಾಹೇಬರು ನಕ್ಕರು. ಮಾತಿಗೆ ತಪ್ಪುವ ಮನುಷ್ಯರಲ್ಲ, ಹಾಕಿಯೂ ಹಾಕಿದರು.

ಸಂಜೆ ಭಾಷಣದಲ್ಲಿ ಅಧ್ಯಕ್ಷರು, ಯುದ್ಧ ಇನ್ನೇನು ಗೆದ್ದಂತೆಯೇ ಎಂದರು. ಹೋದ ವರ್ಷವೂ ಗೆದ್ದಂತೆಯೇ ಇತ್ತು. ಪ್ರಜೆಗಳು ಅರೆಹೊಟ್ಟೆಯಲ್ಲೂ ಹಿಗ್ಗುತ್ತಿದ್ದಾರೆ ಎಂದರು. ಆಮೇಲೆ ಗದ್ಗದಿತರಾಗಿ ಗ್ಯಾಲರಿಯತ್ತ ಕೈ ಚಾಚಿದರು.

"ಹಿರಿಯ ಮಗನನ್ನು ದೇಶಕ್ಕೆ ಕೊಟ್ಟ ಈ ಮಹಾತಾಯಿ ನಮಗೇನು ಹೇಳಿದರು ಗೊತ್ತೇ? ಇನ್ನೊಬ್ಬನಿದ್ದಾನೆ, ಅವನನ್ನೂ ತೆಗೆದುಕೊಳ್ಳಿ ಎಂದರು."

ಸಭೆಗೆ ಸಭೆಯೇ ಎದ್ದು ಚಪ್ಪಾಳೆ ತಟ್ಟಿತು. ಕಸದಮ್ಮ ಎದ್ದು ನಿಂತಳು. ಕೈ ಮುಗಿದು ಕೂರಬೇಕಿತ್ತು, ಕೂರಲಿಲ್ಲ. ಆ ಗದ್ದಲದಲ್ಲಿ ಬಾಯಿ ತೆರೆದರೆ ತನ್ನ ಮಾತು ತನಗೇ ಕೇಳಿಸದು ಎಂದು ಕಂಬಿ ಹಿಡಿದು ಕಾದಳು. ಹುತಾತ್ಮನ ತಾಯಿ ನಿಂತಿರುವಾಗ ತಾನು ಮೊದಲು ಕೈ ನಿಲ್ಲಿಸಿ ದೇಶದ್ರೋಹಿ ಎನಿಸಿಕೊಳ್ಳಲು ಯಾರಿಗೆ ಮನಸ್ಸು? ಕ್ಯಾಮೆರಾ ಬೇರೆ ತಿರುಗುತ್ತಿತ್ತು. ತಟ್ಟಿದರು, ತಟ್ಟಿದರು, ಮಂತ್ರಿಗಳ ಕೊರಳಪಟ್ಟಿ ಬೆವರಿಗೆ ತೊಯ್ದಿತು. ಕಾರ್ಯದರ್ಶಿ ಹಿಂದಿನಿಂದ ಬಟ್ಟೆ ಜಗ್ಗಿ, "ಕೂತ್ಕೊಳ್ಳೇ ದರಿದ್ರದೋಳೆ" ಎಂದು ಹಲ್ಲು ಕಡಿದರು. 'ತಾಯೀ' ಎಂದಿದ್ದ ಬಾಯಿಯೇ ಅದು.

ಕೊನೆಗೆ ಕೈಗಳು ಸೋತು ಸದ್ದಡಗಿತು.

"ನಾನು ಹಾಗಂದಿಲ್ಲ. ಅವನ್ನ ಬಿಟ್ಬಿಡಿ ಅಂದೆ," ಎಂದಳು ಕಸದಮ್ಮ. ಆ ದನಿಗೆ ಮೈಕು ಬೇಕಾಗಲಿಲ್ಲ. "ಎಲ್ರೂ ಎದ್ದು ನಿಂತಿದೀರಲ್ಲ, ಯಾರ್ಯಾರ ಮಕ್ಳು ಯುದ್ಧಕ್ಕೆ ಹೋಗಿದಾರೋ ಅವರು ನಿಂತಿರಿ. ಮಿಕ್ಕೋರು ಕೂತ್ಕೊಳ್ಳಿ."

ಅಧ್ಯಕ್ಷರು ನೀರು ಕುಡಿದರು. ಹಿಂದಿನ ಸಾಲಿನಲ್ಲಿ ಒಂದು ಕುರ್ಚಿ ಕಿರುಗುಟ್ಟಿತು. ಅಷ್ಟು ಹೊತ್ತು ನಿಂತು ಕಾಲು ಸೋತಿದ್ದವೋ ಏನೋ, ಮಾನ್ಯ ಸದಸ್ಯರು ಸಾಲುಸಾಲಾಗಿ ಕೂತರು, ಕೊನೆಗೆ ಅಧ್ಯಕ್ಷರೂ. ಸಭಾಂಗಣದಲ್ಲಿ ನಿಂತವಳು ಅವಳೊಬ್ಬಳೇ.