ನಂಬಲರ್ಹ ಮೂಲ

ನಮ್ಮ ಯಜಮಾನರು ಮೂರು ಬಾರಿ ಕೇಳಿ ವರ್ಗ ಮಾಡಿಸಿಕೊಂಡು ಒಂದೇ ಪರದೇಶದ ರಾಯಭಾರ ಕಚೇರಿಗೆ ಹೋದವರು. ಅಲ್ಲಿನ ಬೆಟ್ಟಸೀಮೆಯ ಜನರ ಬಗ್ಗೆ ಎಂಟುನೂರು ಪುಟದ ಪುಸ್ತಕ ಬರೆದಿದ್ದಾರೆ. ಆ ಸೀಮೆಯ ಮೂರು ಭಾಷೆಗಳು ಅವರಿಗೆ ನೀರು ಕುಡಿದಷ್ಟು ಸಲೀಸು. ನಮ್ಮ ಮನೆಯಲ್ಲಿ ಸಕ್ಕರೆ ಡಬ್ಬ ಎಲ್ಲಿದೆ ಎಂಬುದು ಮಾತ್ರ ಇವತ್ತಿಗೂ ಗೊತ್ತಿಲ್ಲ.

ಪುಸ್ತಕ ಅಚ್ಚಿಗೆ ಹೋಗುವ ಹೊತ್ತಿಗೆ ಸಂಪಾದಕಿ ಮನೆಗೇ ಬಂದಳು. ಚಿಕ್ಕ ವಯಸ್ಸು, ಕೆಂಪು ಪೆನ್ನು, ಬಾಯಿ ಜೋರು.

"ಸರ್, ನೂರಾ ಹನ್ನೆರಡು ಅಡಿಟಿಪ್ಪಣಿಗಳಲ್ಲಿ ಬರೀ 'ನಂಬಲರ್ಹ ಮೂಲ' ಅಂತಿದೆ. ಯಾರದು? ಹೆಸರಿಲ್ಲದೆ ನಾವು ಅಚ್ಚು ಹಾಕಲ್ಲ."

"ಹೇಳೋಕಾಗಲ್ಲಮ್ಮ. ಮೂಲವನ್ನ ಬಿಟ್ಟುಕೊಡೋದು ನಮ್ಮ ಕೆಲಸದಲ್ಲಿ ಮಹಾಪಾಪ."

ಕಾಫಿ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತಿದ್ದ ಆ ಮೂಲ ನಾನೇ. ಇವರು ಸೂಟು ಹಾಕಿಕೊಂಡು ಮಂತ್ರಿಗಳ ಪಕ್ಕ ಹಲ್ಲು ಕಿರಿಯುತ್ತಿದ್ದಾಗ, ನಾನು ಅಲ್ಲಿನ ಹೆಂಗಸರ ಅಡುಗೆಮನೆಗಳಲ್ಲಿ ಕೂತು, ಯಾವ ಹಳ್ಳಿಗೂ ಯಾವ ಹಳ್ಳಿಗೂ ನೀರಿನ ಜಗಳ, ಯಾವ ಮನೆಯವರು ಯಾವ ಮನೆಗೆ ಹೆಣ್ಣು ಕೊಡುವುದಿಲ್ಲ, ಎಲ್ಲವನ್ನೂ ಕೇಳಿಕೊಂಡು ಬಂದು ಊಟದ ಹೊತ್ತಿಗೆ ಹೇಳುತ್ತಿದ್ದೆ. ಇವರದು ಒಂದು ಕೈಯಲ್ಲಿ ತುತ್ತು, ಇನ್ನೊಂದರಲ್ಲಿ ಪೆನ್ನು. ಆ ಚೀಟಿಗಳೆಲ್ಲ ಈಗ ಶೂ ಡಬ್ಬಗಳಲ್ಲಿ ವರ್ಷವಾರು ಕೂತಿವೆ.

ಸಂಪಾದಕಿ ಅತ್ತ ಹೋದ ಕೂಡಲೇ ಇವರನ್ನು ತರಾಟೆಗೆ ತೆಗೆದುಕೊಂಡೆ. "ನನ್ನ ಹೆಸರು ಹಾಕೋಕೆ ಏನ್ರೀ ಧಾಡಿ ನಿಮಗೆ?"

"ಮೂಲದಿಂದ ಲಿಖಿತ ಒಪ್ಪಿಗೆ ಬೇಕು ಕಣೇ."

"ಇಲ್ಲೇ ಇದೀನಲ್ರೀ, ಕಣ್ಣೆದುರಿಗೆ!"

"ಬಾಯಿಮಾತು ನಡೆಯಲ್ಲ."

ಮೂರನೆಯ ದಿನ ಅಂಚೆಯಲ್ಲಿ ಒಪ್ಪಿಗೆ ಕೋರಿ ಇವರ ಕಾಗದ ಬಂತು, ನಮ್ಮದೇ ವಿಳಾಸದಿಂದ ನಮ್ಮದೇ ವಿಳಾಸಕ್ಕೆ. 'ಮಾನ್ಯರೇ' ಎಂದು ಶುರು. ಮೂವತ್ತೆಂಟು ವರ್ಷ ಸಂಸಾರ ಮಾಡಿದವಳು ಮಾನ್ಯರೇ! ನಗು ತಡೆಯಲಾಗಲಿಲ್ಲ. ನಿಜ ಹೇಳಬೇಕೆಂದರೆ ಖುಷಿಯೂ ಆಯಿತು, ನೂರಾ ಹನ್ನೆರಡು ಕಡೆ ನನ್ನ ಹೆಸರು ಬರುತ್ತದಲ್ಲ. ಸಹಿ ಹಾಕಲು ಪೆನ್ನು ತೆಗೆದೆ.

ಆಗ ನೆನಪಾಯಿತು. ನಾನು ಹೇಳಿದ್ದರಲ್ಲಿ ಒಂದು ಶುದ್ಧ ಸುಳ್ಳು.

ಅಲ್ಲಿಗೆ ಹೋದ ಮೊದಲ ವರ್ಷ. ಮಗಳಿಗೆ ಆರು ತಿಂಗಳು, ನನಗೆ ನಿದ್ದೆಯೇ ಇಲ್ಲ. ಇವರು ಬೆಳಗ್ಗೆ ಟೈ ಕಟ್ಟಿಕೊಳ್ಳುತ್ತ, "ಸಂಜೆ ಹದಿನೆಂಟು ಜನ ಊಟಕ್ಕೆ ಬರ್ತಾರೆ" ಎಂದರು. ಕಿಟಕಿಯಾಚೆ ಆ ವರ್ಷದ ಮೊದಲ ಹಿಮ ಬೀಳುತ್ತಿತ್ತು. ನನಗೆ ರೇಗಿಹೋಯಿತು. "ಮೊದಲ ಹಿಮದ ದಿನ ಇಲ್ಲಿ ಯಾರೂ ಬೇರೆಯವರ ಮನೇಲಿ ಊಟ ಮಾಡಲ್ವಂತೆ, ಅಪಶಕುನ ಅಂತೆ. ಪಕ್ಕದ ಮನೆ ಅಜ್ಜಿ ಹೇಳಿದ್ರು" ಎಂದು ಬಾಯಿಗೆ ಬಂದದ್ದು ಒದರಿದೆ. ಇವರು ತಕ್ಷಣ ಚೀಟಿ ಬರೆದುಕೊಂಡರು. ಊಟ ರದ್ದಾಯಿತು. ನಾನು ಮಗುವನ್ನು ಪಕ್ಕದಲ್ಲಿ ಹಾಕಿಕೊಂಡು ಮಲಗಿಬಿಟ್ಟೆ. ಆಮೇಲೆ ಅಲ್ಲಿದ್ದಷ್ಟು ವರ್ಷವೂ ಮೊದಲ ಹಿಮದ ದಿನ ನಮ್ಮ ಮನೆಗೆ ಒಬ್ಬ ಅತಿಥಿಯೂ ಬರಲಿಲ್ಲ.

ಈಗ ಆ ಸುಳ್ಳು ಪುಸ್ತಕದಲ್ಲಿ! ಆ ಸೀಮೆಯವರೇ ಓದಿ ನಕ್ಕರೆ ಇವರ ಜೀವಮಾನದ ಕೆಲಸ ಮಣ್ಣುಪಾಲು, ಅದೂ ನನ್ನ ಹೆಸರಿನಲ್ಲಿ. ಇವರು ವಾಕಿಂಗ್‌ಗೆ ಹೋದದ್ದೇ ತಡ, ಎಂಟುನೂರು ಪುಟ ತಡಕಾಡಿದೆ. ಸಿಗಲಿಲ್ಲ. ಕಣ್ಣು ತಪ್ಪಿತೇನೋ ಎಂದು ಡಬ್ಬಕ್ಕೆ ಕೈಹಾಕಿದೆ. ಮೊದಲ ವರ್ಷದ ಡಬ್ಬದ ತಳದಲ್ಲಿತ್ತು, ಇವರ ಕಾಗೆಕಾಲು ಗುಬ್ಬಿಕಾಲು ಅಕ್ಷರದಲ್ಲಿ:

'ಮೊದಲ ಹಿಮ, ಊಟ ನಿಷಿದ್ಧ. ಪಕ್ಕದ ಮನೆ ಅಜ್ಜಿಯನ್ನು ಅದೇ ದಿನ ವಿಚಾರಿಸಲಾಯಿತು. ಬಿದ್ದು ಬಿದ್ದು ನಕ್ಕರು. ಸಂಗತಿ: ಸುಳ್ಳು. ಮೂಲ: ನಂಬಲರ್ಹ, ಆದರೆ ಬಹಳ ಸುಸ್ತಾಗಿದ್ದಾಳೆ. ಕ್ರಮ: ಪ್ರತಿ ವರ್ಷ ತಪ್ಪದೆ ಪಾಲಿಸತಕ್ಕದ್ದು.'

ಡಬ್ಬಗಳ ನಡುವೆ ನೆಲದ ಮೇಲೆ ಕೂತು ಅತ್ತುಬಿಟ್ಟೆ.

ಇವರು ಬಂದಾಗ ಸಹಿ ಹಾಕಿದ ಕಾಗದ ಕೊಟ್ಟೆ. ಕನ್ನಡಕ ಏರಿಸಿ ತಾರೀಖು ಸರಿಯಿದೆಯೇ ನೋಡಿದರು. ಆಮೇಲೆ ನನ್ನ ಇನ್ನೊಂದು ಕೈಯಲ್ಲಿದ್ದ ಚೀಟಿ ಕಂಡಿತು. ಮುಖ ಕೆಂಪಗಾಯಿತು.

"ಅದನ್ನ ಯಾಕೆ ತೆಗೆದೆ? ಅದು ಗೋಪ್ಯ ಕಣೇ, ಮೂಲಕ್ಕೂ ತೋರಿಸೋ ಹಾಗಿಲ್ಲ" ಎಂದು ಕಸಿದುಕೊಂಡು, ಮತ್ತೆ ಡಬ್ಬದ ತಳದಲ್ಲೇ ಇಟ್ಟರು.