ಬೊಕ್ಕಬಾಯಿ ೭೪

"ಅಕ್ಕಾ, ಬೀಗ ಹಾಕಿ ಕೀಲಿಕೈನ ಅದರ ಮೇಲೇ ನೇತುಹಾಕಿದ ಹಾಗಾಯ್ತಲ್ಲೇ ಇದು!" ಎಂದ ತಮ್ಮ, ಪರದೆಯಿಂದ ಕಣ್ಣು ತೆಗೆಯದೆ.

ಫೋಟೋ ಸ್ಟುಡಿಯೋದ ಕೌಂಟರಿನ ಮೇಲಿದ್ದ ಆ ಕಂಪ್ಯೂಟರಿಗೆ ಗಿರಾಕಿಗಳು ದಿನವಿಡೀ ತಮ್ಮ ಪೆನ್‌ಡ್ರೈವ್ ಚುಚ್ಚುತ್ತಿದ್ದರು. ಅದರಲ್ಲಿ 'ಪಾಸ್‌ವರ್ಡ್‌ಗಳು' ಎಂಬ ಕಡತ, ಮುಚ್ಚುಮರೆಯಿಲ್ಲದೆ, ಎಲ್ಲರ ಕಣ್ಣೆದುರು. ಯಾರೋ ಅದನ್ನು ನಕಲಿಸಿಕೊಂಡು ಹೋಗಿದ್ದರು. ಬೆಳಗ್ಗೆ ನೋಡಿದರೆ ಇಂಟರ್ನೆಟ್ಟಿನಲ್ಲಿ ಕೂಡಿಟ್ಟಿದ್ದ ಎರಡು ವರ್ಷಗಳ ಮದುವೆಯ ಚಿತ್ರಗಳು ಮಾಯ. ಉಳಿದ ಮೂವತ್ತು ವರ್ಷಗಳ ಮುಖಗಳೂ ಆ ಅಪರಿಚಿತನ ಬೆರಳ ತುದಿಯಲ್ಲಿದ್ದವು.

ಕಡತ ತೀರಿಕೊಂಡ ಅಮ್ಮನದು. ಚೀಟಿಯಿಲ್ಲದ ನೆಗೆಟಿವ್ ಅನಾಥ ಶಿಶುವೆಂಬುದು ಕತ್ತಲೆಕೋಣೆಯ ಕಾಲದಿಂದ ಆಕೆಯ ನಂಬಿಕೆ. ಪ್ರತಿ ಲಕೋಟೆಯ ಮೇಲೂ ಯಾರದು, ಯಾವ ದಿನ, ಯಾರು ಅತ್ತರು ಎಂದು ಬರೆಯುವುದು ವ್ರತ. ಕಂಪ್ಯೂಟರು ಬಂದಾಗ ಪಾಸ್‌ವರ್ಡಿನ ಗುಟ್ಟುಗಳಿಗೂ ಅದೇ ಸಂಸ್ಕಾರ ಸಂದಿತ್ತು.

ಅಕ್ಕ ಬಗ್ಗಿ ಓದಿದಳು. 'ಚಿತ್ರಗಳಿಗೆ: ಬೊಕ್ಕಬಾಯಿ೭೪. ಮಗಳ ಮುಂದಿನ ಹಲ್ಲು ಬಿದ್ದ ವರ್ಷ. ಇ-ಅಂಚೆಗೆ: ಗುಮ್ಮಣ್ಣ೮೧. ಮಗ ಫ್ಲ್ಯಾಶಿಗೆ ಹೆದರಿ ಮೇಜಿನಡಿ ಕೂತಿದ್ದು.'

"ಏನೋ ಗುಮ್ಮಣ್ಣ!"

"ಏನೇ ಬೊಕ್ಕಬಾಯಿ! ನಿನ್ನ ಹಲ್ಲಿನ ಕಥೆ ಈಗ ಕಳ್ಳನಿಗೂ ಗೊತ್ತು. ಎಲ್ಲಾ ಬದಲಾಯಿಸಿ ಇದನ್ನ ಅಳಿಸ್ಬೇಕು, ಈಗಲೇ."

"ಬದಲಾಯಿಸಿದ ಮೇಲೆ ಇದು ಇದ್ರೇನೋ? ಪಾಪ, ಒಂದು ಮೂಲೇಲಿ ಬಿದ್ದಿರ್ಲಿ."

"ಇದ್ರೆ ನಾಳೆ ಹೊಸದನ್ನೂ ಇದ್ರಲ್ಲೇ ಬರೀತೀಯ. ನಾನೂ ಬರೀತೀನಿ. ಅಮ್ಮನ ಮಕ್ಕಳಲ್ವಾ ನಾವು?"

ಅಕ್ಕ ಕೀಲಿಮಣೆಯನ್ನು ತನ್ನತ್ತ ಎಳೆದುಕೊಂಡಳು. ತಮ್ಮ ಮುಖಗಳನ್ನು ನಂಬಿ ಕೊಟ್ಟ ಊರವರು ನಾಳೆ ಬಾಗಿಲಿಗೆ ಬರುವರು. ಅವರಿಗೆ ಏನೆಂದು ಹೇಳುವುದು? ಒಂದೊಂದಾಗಿ ಬದಲಾಯಿಸಿದರು. ಹೊಸ ಪಾಸ್‌ವರ್ಡ್‌ಗಳನ್ನು ಯಂತ್ರವೇ ಹೆಣೆದುಕೊಟ್ಟು ತನ್ನ ಬೀಗದೊಳಗೆ ಇಟ್ಟುಕೊಂಡಿತು. ಅವುಗಳಲ್ಲಿ ಬಿದ್ದ ಹಲ್ಲಿರಲಿಲ್ಲ, ಮೇಜಿನಡಿಯ ಅಳುವಿರಲಿಲ್ಲ. ಕೊನೆಗೆ ಅಳಿಸುವ ಗುಂಡಿಯನ್ನು ಅಕ್ಕನೇ ಒತ್ತಿದಳು.

ಮಧ್ಯಾಹ್ನ ಮುದುಕರೊಬ್ಬರು ತಮ್ಮ ಹೆಂಡತಿಯ ಹಳೆಯ ಚಿತ್ರ ಕೇಳಿಕೊಂಡು ಬಂದರು.

"ಇದೆಯೇನಮ್ಮ?"

"ಇದೆ, ಕೂತ್ಕೊಳ್ಳಿ."

ಅವಳ ಬೆರಳುಗಳು ತಾವಾಗಿಯೇ ಬೊಕ್ಕಬಾಯಿ ಎಂದವು, ಎಪ್ಪತ್ತನಾಲ್ಕು ಎಂದವು. ಪರದೆ ಕೆಂಪಗೆ 'ತಪ್ಪು' ಎಂದಿತು. ನಾಲಗೆಯ ತುದಿಯನ್ನು ಮುಂದಿನ ಹಲ್ಲಿಗೆ ಒತ್ತಿಕೊಂಡು, ಅವಳು ಅದನ್ನೇ ಇನ್ನೊಮ್ಮೆ, ನಿಧಾನವಾಗಿ, ಅಕ್ಷರ ಅಕ್ಷರವಾಗಿ ಒತ್ತಿದಳು.