ಕಾಣದ ಬಾಗಿಲು

ಆಫೀಸಿನಲ್ಲಿ ಅವನಿಗೆ ಗೋಡೆ ಎಂದೇ ಹೆಸರು ಬಿದ್ದಿತ್ತು. ಲೆಕ್ಕ ಬರೆಯುವ ಕೆಲಸ, ಮಾತು ಅಪರೂಪ. ಒಮ್ಮೆ ಯಾರೋ ತಮ್ಮ ಕೋಟನ್ನು ಇವನ ಹೆಗಲಿಗೆ ನೇತುಹಾಕಿ ಹೋಗಿದ್ದರು. ಎಲ್ಲರೂ ಬಿದ್ದು ಬಿದ್ದು ನಕ್ಕರು. ಇವನೂ ನಕ್ಕ.

ಕೆಳಗಿನ ಗಾಜಿನ ಬಾಗಿಲಿಗೆ ಹಿಡಿಕೆಯಿಲ್ಲ. ಮೇಲೊಂದು ಯಂತ್ರದ ಕಣ್ಣಿದೆ. ಹತ್ತಿರ ಬಂದವರನ್ನು ಕಂಡು ಬಾಗಿಲು ತಾನೇ ಸರಿಯುತ್ತದೆ. ಇತ್ತೀಚೆಗೆ ಅದು ಇವನನ್ನು ಕಾಣುವುದು ಬಿಟ್ಟಿತ್ತು. ದೂರು ಕೊಡಲು ನಾಚಿಕೆ, ಏನೆಂದು ಹೇಳುವುದು? ಯಾರದಾದರೂ ಬೆನ್ನಿಗಂಟಿಕೊಂಡು ಒಳಗೆ ಬರುವುದು, ಹಾಗೆಯೇ ಹೊರಗೆ ಹೋಗುವುದು ರೂಢಿಯಾಯಿತು. ಒಬ್ಬರೂ ತಿರುಗಿ ನೋಡಲಿಲ್ಲ.

ಆ ದಿನ ಅರ್ಧ ರಜೆ. ಅಕ್ಕ ಊಟಕ್ಕೆ ಕರೆದಿದ್ದಳು. ಇವನಿಗೆ ತನ್ನವರೆಂದು ಉಳಿದವಳು ಅವಳೊಬ್ಬಳೇ. ಎಷ್ಟೋ ಸಲ ಕಾದು ಕಾದು ತಟ್ಟೆ ಮುಚ್ಚಿಟ್ಟವಳು, ಈ ಸಲವೂ ಬರದಿದ್ದರೆ ಇನ್ನು ಕರೆಯುವುದಿಲ್ಲವೆಂದು ಖಡಾಖಂಡಿತವಾಗಿ ಹೇಳಿದ್ದಳು. ಇವನು ಕೈ ತೊಳೆದು ಬರುವಷ್ಟರಲ್ಲಿ ಎಲ್ಲರೂ ಜಾಗ ಖಾಲಿ ಮಾಡಿದ್ದರು.

ಬಾಗಿಲ ಮುಂದೆ ಕೈ ಬೀಸಿದ, ಕುಣಿದ. ಅದು ಜಪ್ಪಯ್ಯ ಅಂದರೂ ಸರಿಯಲಿಲ್ಲ. ಗಾಜು ಬಡಿದ. ಹೊರಗಿದ್ದ ಕಾವಲುಗಾರ ಎದ್ದು ಬಂದು, ಅದೇ ಗಾಜಿನಲ್ಲಿ ತನ್ನ ಮುಖ ನೋಡಿಕೊಂಡು ಮೀಸೆ ತೀಡಿ ಹೋದ. ಅಕ್ಕನಿಗೆ ಫೋನ್ ಮಾಡಿದ. ಇವನು ಹೇಳಿದ್ದನ್ನೇ ಹೇಳುತ್ತಿದ್ದರೂ ಅವಳು ಹಲೋ ಹಲೋ ಎಂದು ಇಟ್ಟುಬಿಟ್ಟಳು.

ಹಿಂದೆ ಒದ್ದೆ ಬಟ್ಟೆಯ ಸಪ್ಪಳವಾಯಿತು. ನೆಲ ಒರೆಸುವ ಅಜ್ಜಿ. ಇಷ್ಟು ವರ್ಷಗಳಲ್ಲಿ ಅವಳ ಮುಖ ನೋಡಿದ್ದು ಅಂದೇ ಮೊದಲು.

"ನಿಂಗೂ ಶುರುವಾಯ್ತಾ ಮಗಾ?" ಎಂದಳು. "ಇದು ನನ್ನ ಕಾಣೋದು ಬಿಟ್ಟು ಯಾವ ಕಾಲವಾಯ್ತೋ. ಕೋಲು ಮಾತ್ರ ಕಾಣುತ್ತೆ ಇದಕ್ಕೆ."

ಒರೆಸುವ ಕೋಲನ್ನು ಮೇಲೆತ್ತಿದಳು. ಬಾಗಿಲು ಸರಿಯಿತು. ಅವನು ಹೊರಗೆ ನುಗ್ಗಿ, ನೀವೂ ಬನ್ನಿ ಎಂದು ಕೈ ಚಾಚಿದ.

"ನನ್ನ ಕಾಯೋರು ಯಾರಿಲ್ಲಪ್ಪ. ನಿನ್ನ ಕಾಯೋಳಿಗೆ ಸಾಕಾಗೋ ಮೊದ್ಲು ಓಡು."

ಬಾಗಿಲು ಮುಚ್ಚಿತು. ಗಾಜಿನಾಚೆ ಕೋಲೊಂದೇ ನೆಲದ ಮೇಲೆ ಅತ್ತಿತ್ತ ಹರಿದಾಡುತ್ತಿತ್ತು.

ಓಡಿದ. ಡಿಕ್ಕಿ ಹೊಡೆದವರು ತಲೆ ಎತ್ತದೆ ನಡೆದರು. ಅಕ್ಕನ ಮನೆಯದು ಮರದ ಬಾಗಿಲು. ಗೆಣ್ಣು ಸುಲಿಯುವಂತೆ ಬಡಿದ.

"ಯಾರು?"

"ನಾನು ಅಕ್ಕಾ." ಇನ್ನೊಮ್ಮೆ ಜೋರಾಗಿ ಹೇಳಿದ. "ನಾನೇ. ಹಸಿವಾಗ್ತಿದೆ."

ಒಳಗೆ ಚಿಲಕ ಜಾರಿತು. ಅಕ್ಕ ಅವನ ಆಚೆಗೆ, ಖಾಲಿ ಬೀದಿಯ ಉದ್ದಕ್ಕೂ ಕಣ್ಣಾಡಿಸಿದಳು. ಮತ್ತೆ ಕೈ ಚಾಚಿ ಗಾಳಿಯಲ್ಲಿ ತಡಕಾಡಿದಳು, ಅವನ ಕಿವಿ ಕೈಗೆ ಸಿಕ್ಕಿದ ಕೂಡಲೇ ಬಲವಾಗಿ ಹಿಂಡಿ ಒಳಗೆಳೆದುಕೊಂಡಳು.